ಎಫ್‌ಮಾಡ್ ಸ್ಟುಡಿಯೊ: ಕಾಳಗದ ಹಂತಕ್ಕೆ ಜಗ್ಗಲಿಗೆ ಹೊಂದಿಸಿದ ಹನ್ನೊಂದು ತಿಂಗಳು

ಹುಬ್ಬಳ್ಳಿಯ ನಾಲ್ಕು ಜನ ಗೆಳೆಯರ ತಂಡವೊಂದು ತಯಾರಿಸುತ್ತಿರುವ ಮೊಬೈಲ್ ಗೇಮ್‌ನ ಮೂರನೆಯ ಹಂತಕ್ಕೆ ಸಂಗೀತ ಕಟ್ಟಿಕೊಡುವ ಕೆಲಸವನ್ನು ಒಪ್ಪಿಕೊಂಡ ದಿನದಿಂದ, ಅಂದರೆ ಸುಮಾರು ಹನ್ನೊಂದು ತಿಂಗಳಿಂದ, ನಾನು ಎಫ್‌ಮಾಡ್ ಸ್ಟುಡಿಯೊ ಎಂಬ ತಂತ್ರಾಂಶವನ್ನು ಹೆಚ್ಚುಕಡಿಮೆ ಪ್ರತಿದಿನವೂ ಬಳಸುತ್ತಿದ್ದೇನೆ. ಪಾಳುಬಿದ್ದ ಹತ್ತಿ ಗಿರಣಿಯೊಂದರಲ್ಲಿ ನಡೆಯುವ ಹಂತ ಅದು. ಆಟಗಾರ ಅಂಗಳದಿಂದ ಹೊರಟು ಮೂರು ಮಹಡಿ ಹತ್ತಿ ಮಾಳಿಗೆ ತಲುಪಬೇಕು; ಬೆನ್ನ ಹಿಂದೆ ಶತ್ರುಗಳು ಅಲೆ ಅಲೆಯಾಗಿ ಬರುತ್ತಲೇ ಇರುತ್ತಾರೆ. ಕೈ ಪಳಗಿದವರು ಇದನ್ನು ಆರು ನಿಮಿಷದಲ್ಲಿ ಮುಗಿಸುತ್ತಾರೆ, ಹೊಸಬರಿಗೆ ಹದಿನೈದು ನಿಮಿಷವಾದರೂ ಬೇಕು. ಒಬ್ಬ ಎದುರಿಗೆ ನುಗ್ಗಿ ಹೊಡೆದಾಡುತ್ತಾನೆ, ಇನ್ನೊಬ್ಬ ಹತ್ತಿಯ ಅಂಡಿಗೆಗಳ ಹಿಂದೆ ಅಡಗಿ ಕೂತು ಗಳಿಗೆ ನೋಡುತ್ತಾನೆ. ಇಂಥ ಆಟಕ್ಕೆ ನಾಲ್ಕು ನಿಮಿಷದ ಒಂದು ಆರ್ಭಟದ ಹಾಡನ್ನು ಬರೆದು ಅದನ್ನೇ ಸುತ್ತು ಹಾಕಿಸುತ್ತ ಹೋದರೆ, ಅಡಗಿ ಕೂತವನ ಕಿವಿಯಲ್ಲಿ ನಗಾರಿ ಬಡಿಯುತ್ತಿರುತ್ತದೆ, ಹೊಡೆದಾಡುವವನ ಕಿವಿಯಲ್ಲಿ ಹಾಡು ಅದೇ ಹೊತ್ತಿಗೆ ತಣ್ಣನೆಯ ಭಾಗಕ್ಕೆ ಬಂದಿರುತ್ತದೆ. ಸಂಗೀತ ಆಟವನ್ನು ಹಿಂಬಾಲಿಸಬೇಕು, ಅದೂ ತಾಳ ತಪ್ಪದೆ ಹಿಂಬಾಲಿಸಬೇಕು. ಆ ಕೆಲಸಕ್ಕೆ ಈ ತಂತ್ರಾಂಶ ಎಷ್ಟರ ಮಟ್ಟಿಗೆ ಒದಗುತ್ತದೆ ಎಂಬುದನ್ನು, ಧಾರವಾಡದಲ್ಲಿ ತಬಲಾ ಕಲಿತು ಆಮೇಲೆ ಕಂಪ್ಯೂಟರ್ ಸಂಗೀತಕ್ಕೆ ಬಂದ ನನ್ನಂಥವನ ದೃಷ್ಟಿಯಿಂದ ಇಲ್ಲಿ ಬರೆದಿದ್ದೇನೆ.

ಆಟಕ್ಕೆ ತಕ್ಕಂತೆ ಬದಲಾಗುವ ಸಂಗೀತ ಹೊಸ ಕಲ್ಪನೆಯೇನೂ ಅಲ್ಲ. 1978ರ ಸ್ಪೇಸ್ ಇನ್ವೇಡರ್ಸ್‌ನಲ್ಲಿ ನಾಲ್ಕೇ ಸ್ವರಗಳ ಒಂದು ಸುತ್ತು ಕಾಳಗ ಬಿರುಸಾದಂತೆಲ್ಲ ವೇಗ ಪಡೆಯುತ್ತಿತ್ತು. 1990ರ ದಶಕದ ಆರಂಭದಲ್ಲಿ ಗೇಮ್ ಕಂಪನಿಯಾದ ಲ್ಯೂಕಸ್‌ಆರ್ಟ್ಸ್‌ನ ಸಂಯೋಜಕರಾದ ಮೈಕಲ್ ಲ್ಯಾಂಡ್ ಮತ್ತು ಪೀಟರ್ ಮೆಕಾನೆಲ್ ಐಮ್ಯೂಸ್ ಎಂಬ ವ್ಯವಸ್ಥೆಯನ್ನು ರೂಪಿಸಿ, ಆಟಗಾರ ಒಂದು ಜಾಗದಿಂದ ಇನ್ನೊಂದಕ್ಕೆ ಹೋದಾಗ ರಾಗ ತುಂಡಾಗದೆ ಮುಂದಿನದಕ್ಕೆ ಹೊರಳುವಂತೆ ಮಾಡಿದರು. ಎಫ್‌ಮಾಡ್ ಅದೇ ಕಾಲದ್ದು. 1995ರಲ್ಲಿ ಬಂದ ಅದು ಮೊದಲು ಮಾಡ್ ಎಂಬ ಮಾದರಿಯ ಸಂಗೀತ ಕಡತಗಳನ್ನು ನುಡಿಸುವ ಸಲಕರಣೆಯಾಗಿತ್ತು, ಹೆಸರು ಬಂದದ್ದೂ ಅಲ್ಲಿಂದಲೇ. ಈಗ ಆಸ್ಟ್ರೇಲಿಯಾದ ಮೆಲ್ಬರ್ನ್‌ನಲ್ಲಿರುವ ಫೈರ್‌ಲೈಟ್ ಟೆಕ್ನಾಲಜೀಸ್ ಅದನ್ನು ಬೆಳೆಸುತ್ತಿದೆ. ಆಟ ಕಟ್ಟುವ ತಂತ್ರಾಂಶಗಳಾದ ಯೂನಿಟಿ ಮತ್ತು ಅನ್‌ರಿಯಲ್ ಎರಡಕ್ಕೂ ಜೋಡಿಸುವ ಸಿದ್ಧ ವ್ಯವಸ್ಥೆಯನ್ನು ಕಂಪನಿಯೇ ಕೊಡುತ್ತದೆ. ನಮ್ಮ ತಂಡದ್ದು ಯೂನಿಟಿ.

ಒಂದು ಮಾತನ್ನು ಮೊದಲೇ ತಿಳಿಸಬೇಕು. ಎಫ್‌ಮಾಡ್‌ನಲ್ಲಿ ಸಂಗೀತ ಬರೆಯಲು ಬರುವುದಿಲ್ಲ. ಸ್ವರ ಹಾಕುವುದು, ಧ್ವನಿಮುದ್ರಣ ಮಾಡುವುದು, ಸಂಕಲಿಸುವುದು ಎಲ್ಲವೂ ಬೇರೆ ಕಡೆ ಆಗಬೇಕು. ನಾನು ಅದಕ್ಕೆ ರೀಪರ್ ಎಂಬ ತಂತ್ರಾಂಶ ಬಳಸುತ್ತೇನೆ. ಸಿದ್ಧವಾದ ತುಣುಕುಗಳನ್ನು ತಂದು, ಯಾವುದು ಯಾವಾಗ ನುಡಿಯಬೇಕು, ಯಾವುದರಿಂದ ಯಾವುದಕ್ಕೆ ಹೇಗೆ ದಾಟಬೇಕು ಎಂಬ ನಿಯಮ ಕಟ್ಟುವ ಜಾಗ ಇದು. ಪರದೆಯ ಮೇಲೆ ಒಂದು ಕಾಲರೇಖೆ ಇರುತ್ತದೆ, ಅದರ ಮೇಲೆ ಟ್ರ್ಯಾಕ್‌ಗಳು, ಅವುಗಳ ನೆತ್ತಿಯಲ್ಲಿ ಸುತ್ತು ಹಾಕಿಸುವ ಲೂಪ್ ರೀಜನ್, ಬೇರೆ ಭಾಗಕ್ಕೆ ದಾಟಿಸುವ ಟ್ರಾನ್ಸಿಷನ್ ರೀಜನ್, ಲಯ ತಿಳಿಸುವ ಟೆಂಪೊ ಮಾರ್ಕರ್ ಎಂಬ ಗುರುತುಗಳು. ಆಟದ ಕಡೆಯಿಂದ ಒಂದು ಅಂಕಿ ಬರುತ್ತಿರುತ್ತದೆ, ಅದನ್ನು ಪ್ಯಾರಾಮೀಟರ್ ಎನ್ನುತ್ತಾರೆ. ನಮ್ಮ ಹಂತದಲ್ಲಿ ಆ ಅಂಕಿಗೆ ಅಪಾಯ ಎಂದು ಹೆಸರಿಟ್ಟುಕೊಂಡೆವು. ಸುತ್ತ ಶತ್ರುಗಳಿಲ್ಲದಿದ್ದರೆ ಸೊನ್ನೆ. ಎಷ್ಟು ಜನ, ಎಷ್ಟು ಹತ್ತಿರ ಎಂಬುದನ್ನು ಲೆಕ್ಕ ಹಾಕಿ ನೂರರವರೆಗೆ ಏರುತ್ತದೆ.

ಈ ಅಂಕಿಗೆ ತಕ್ಕಂತೆ ಪದರಗಳನ್ನು ಹೊಂದಿಸುವುದು ಮೊದಲ ಕೆಲಸ. ಒಂದೇ ಉದ್ದದ, ಒಂದೇ ಲಯದ ಐದು ಪದರಗಳನ್ನು ಒಂದರ ಕೆಳಗೆ ಒಂದಿಟ್ಟೆ. ತಂಬೂರಿಯ ಶ್ರುತಿಯೊಂದಿಗೆ ಬೆರೆತ ಮಂದ್ರ ಗುಂಗು ಎಲ್ಲಕ್ಕಿಂತ ಕೆಳಗೆ, ಅದು ಎಂದೂ ನಿಲ್ಲುವುದಿಲ್ಲ. ಇಪ್ಪತ್ತಕ್ಕೆ ಹಲಗೆ ಎಂಬ ಚರ್ಮವಾದ್ಯ ಸೇರುತ್ತದೆ, ನಲವತ್ತಕ್ಕೆ ತಂತಿವಾದ್ಯಗಳು, ಅರವತ್ತಕ್ಕೆ ಜಗ್ಗಲಿಗೆ. ಎಂಬತ್ತೈದರ ಮೇಲೆ ಮಾತ್ರ ಗಿಟಾರಿನ ಒರಟು ನಾದ. ಎಲ್ಲ ಪದರಗಳೂ ಒಟ್ಟಿಗೇ ಓಡುತ್ತಿರುತ್ತವೆ, ಅಂಕಿ ಬದಲಾದಾಗ ಅವುಗಳ ಸದ್ದಿನ ಮಟ್ಟ ಮಾತ್ರ ಏರಿಳಿಯುತ್ತದೆ. ಆದ್ದರಿಂದ ಯಾವ ಗಳಿಗೆಯಲ್ಲಿ ಜಗ್ಗಲಿಗೆ ಕೇಳಿಸಿದರೂ ಅದು ತಾಳದೊಳಗೇ ಇರುತ್ತದೆ. ಇಷ್ಟನ್ನು ಎಫ್‌ಮಾಡ್‌ನಲ್ಲಿ ಮಾಡಲು ನನಗೆ ಒಂದು ಮಧ್ಯಾಹ್ನ ಸಾಕಾಯಿತು. ಹೊಸಬರಿಗೂ ಎರಡು ದಿನಕ್ಕಿಂತ ಹೆಚ್ಚು ಬೇಡ.

ಆ ಪದರಗಳ ಪೈಕಿ ಜಗ್ಗಲಿಗೆಯ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು, ಏಕೆಂದರೆ ತಂತ್ರಾಂಶದ ಗುಣ ನನಗೆ ಅರ್ಥವಾದದ್ದು ಅದರ ಮೂಲಕ. ಹುಬ್ಬಳ್ಳಿಯ ಹೋಳಿ ಕಂಡವರಿಗೆ ಜಗ್ಗಲಿಗೆಯ ಪರಿಚಯ ಬೇಕಿಲ್ಲ. ಚಕ್ಕಡಿಯ ಗಾಲಿಯಷ್ಟು ದೊಡ್ಡ ಬಳೆಗೆ ತೊಗಲು ಬಿಗಿದು, ಮೆರವಣಿಗೆಯಲ್ಲಿ ಉರುಳಿಸಿಕೊಂಡು ಹೋಗುತ್ತ ಗಿಡ್ಡ ಕೋಲುಗಳಿಂದ ಬಡಿಯುವ ಚರ್ಮವಾದ್ಯ ಅದು. ಹತ್ತಿರ ನಿಂತರೆ ನಾದ ಕಿವಿಗಿಂತ ಮೊದಲು ಎದೆಗೆ ತಾಗುತ್ತದೆ. ಹುಬ್ಬಳ್ಳಿಯ ಆಚೆಗಿನ ಒಂದು ಹಳ್ಳಿಯಲ್ಲಿ, ಹೊಲದ ಷೆಡ್ಡಿನಲ್ಲಿ, ಇಬ್ಬರು ಕಲಾವಿದರನ್ನು ಕೂರಿಸಿಕೊಂಡು ಧ್ವನಿಮುದ್ರಿಸಿದೆವು. ಮುಕ್ಕಾಲು ಗಂಟೆ ಕಳೆದಿರಬಹುದು, ಹಿರಿಯರು ಕೋಲು ಕೆಳಗಿಟ್ಟು, "ತೊಗಲ ತಣ್ಣಗಾಗೇತ್ರಿ ಸರ, ಬೆಂಕಿಗೆ ಹಿಡದ ತರ್ತೀನಿ" ಎಂದರು. ನಾನು ಹೆಡ್‌ಫೋನಿನಲ್ಲಿ ಅದನ್ನು ಗಮನಿಸಿರಲಿಲ್ಲ. ಮನೆಗೆ ಬಂದು ಮೊದಲ ಹತ್ತು ನಿಮಿಷದ ಬಡಿತವನ್ನೂ ಕೊನೆಯ ಹತ್ತು ನಿಮಿಷದ ಬಡಿತವನ್ನೂ ಒಂದರ ಪಕ್ಕ ಒಂದಿಟ್ಟು ಕೇಳಿದಾಗ ಶ್ರುತಿ ಎಷ್ಟು ಇಳಿದಿತ್ತು ಎಂಬುದು ತಿಳಿಯಿತು. ಒಂದು ಹಾಡಿನೊಳಗೆ ಇದು ತೊಂದರೆಯಲ್ಲ, ಇಳಿಕೆ ನಿಧಾನವಾಗಿ ಆಗುತ್ತದೆ. ಆದರೆ ಇಲ್ಲಿ ಆಟಗಾರನ ನಡೆ ನೋಡಿಕೊಂಡು ಯಾವ ತುಣುಕಿನ ಪಕ್ಕ ಯಾವ ತುಣುಕು ಬೇಕಾದರೂ ಬರಬಹುದು. ಬಿಗಿಯಾದ ತೊಗಲಿನ ಬಡಿತದ ಪಕ್ಕದಲ್ಲಿ ಸಡಿಲಾದ ತೊಗಲಿನ ಬಡಿತ ಬಂದರೆ ಎರಡು ಬೇರೆ ವಾದ್ಯಗಳಂತೆ ಕೇಳಿಸುತ್ತದೆ. ಮತ್ತೊಂದು ದಿನ ಹೋಗಿ, ಹತ್ತು ಹತ್ತು ನಿಮಿಷಕ್ಕೆ ಬೆಂಕಿಗೆ ಹಿಡಿಸಿ, ಎಲ್ಲವನ್ನೂ ಹೊಸದಾಗಿ ಮುದ್ರಿಸಿಕೊಂಡು ಬಂದೆವು.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಪದರಗಳು ಸಾಲುವುದು ಒಂದು ಮಹಡಿಗೆ ಮಾತ್ರ. ಆಟಗಾರ ಮುಂದಿನ ಮಹಡಿಗೆ ಹೋದಾಗ ಸಂಗೀತವೇ ಬೇರೆಯದಾಗಬೇಕು, ಸ್ವರ ಬದಲಾಗಬೇಕು, ನಡೆ ಬದಲಾಗಬೇಕು. ಬಾಗಿಲು ದಾಟುವುದು ತಾಳದ ಯಾವ ಮಾತ್ರೆಯಲ್ಲಿ ಎಂಬುದು ಮಾತ್ರ ಯಾರಿಗೂ ಗೊತ್ತಿರುವುದಿಲ್ಲ. ಗಾಯಕ ಯಾವ ಗಳಿಗೆಯಲ್ಲಿ ತಾನ್ ಮುಗಿಸಿ ಸಮಕ್ಕೆ, ಅಂದರೆ ತಾಳದ ಮೊದಲ ಮಾತ್ರೆಗೆ, ಬರುತ್ತಾನೆ ಎಂದು ಅವನ ಮುಖ ನೋಡುತ್ತ ಕೂರುವ ತಬಲಾ ಸಾಥಿಯ ಸ್ಥಿತಿ ಇದು. ಎಫ್‌ಮಾಡ್ ಇಲ್ಲಿ ಕೊಡುವ ಸೌಲಭ್ಯದ ಹೆಸರು ಕ್ವಾಂಟೈಸೇಷನ್. ಆಟದಿಂದ ಸೂಚನೆ ಬಂದ ತಕ್ಷಣ ಅದು ದಾಟುವುದಿಲ್ಲ. ನಾವು ಹೇಳಿದ ಮಾತ್ರೆಯ ಗಡಿ ಬರುವವರೆಗೆ ಕಾದು ಅಲ್ಲಿ ದಾಟುತ್ತದೆ. ಲಯ ಎಷ್ಟು, ಒಂದು ಬಾರ್‌ಗೆ ಎಷ್ಟು ಮಾತ್ರೆ ಎಂಬುದನ್ನು ಟೆಂಪೊ ಮಾರ್ಕರ್‌ನಲ್ಲಿ ತಿಳಿಸಿದರೆ ಸಾಕು, ಎಣಿಕೆಯನ್ನು ಅದು ನೋಡಿಕೊಳ್ಳುತ್ತದೆ.

ಎಷ್ಟು ಕಾಯಿಸಬೇಕು ಎಂಬುದೇ ಸಂಯೋಜಕನ ತೀರ್ಮಾನ, ಮತ್ತು ಕಾಳಗದ ಹಂತದಲ್ಲಿ ಅದು ಬಹಳ ಸೂಕ್ಷ್ಮ. ನಮ್ಮ ಲಯ ನಿಮಿಷಕ್ಕೆ 150 ಮಾತ್ರೆ, ಅಂದರೆ ಒಂದು ಮಾತ್ರೆಗೆ 0.4 ಸೆಕೆಂಡ್. ತೀನ್‌ತಾಲದ 16 ಮಾತ್ರೆಗಳ ಒಂದು ಆವರ್ತನಕ್ಕೆ 6.4 ಸೆಕೆಂಡ್ ಆಗುತ್ತದೆ. ಸಮಕ್ಕೇ ದಾಟಬೇಕು ಎಂದು ಕಟ್ಟುನಿಟ್ಟು ಮಾಡಿದರೆ, ಸಮ ದಾಟಿದ ಮರುಕ್ಷಣವೇ ಬಾಗಿಲು ತೆರೆದ ಆಟಗಾರ ಆರು ಸೆಕೆಂಡಿಗೂ ಹೆಚ್ಚು ಹೊತ್ತು ಹಳೆಯ ಮಹಡಿಯ ಸಂಗೀತವನ್ನೇ ಕೇಳುತ್ತಾನೆ. ಅಷ್ಟರಲ್ಲಿ ಅವನ ಮೇಲೆ ಎರಡು ದಾಳಿ ಆಗಿಹೋಗಿರುತ್ತವೆ. ಪ್ರತಿ ಮಾತ್ರೆಗೂ ದಾಟಬಹುದು ಎಂದರೆ ತಡವಾಗುವುದಿಲ್ಲ, ಆದರೆ ವಾಕ್ಯದ ನಡುವೆ ಮಾತು ಕಡಿದಂತೆ ಕೇಳಿಸುತ್ತದೆ. ಕೊನೆಗೆ ನಾಲ್ಕು ಮಾತ್ರೆಗಳ ವಿಭಾಗಕ್ಕೆ ನಿಲ್ಲಿಸಿದೆ. ಹೆಚ್ಚೆಂದರೆ 1.6 ಸೆಕೆಂಡಿನ ಕಾಯುವಿಕೆ.

ಆದರೂ ದಾಟಿದ್ದು ದಾಟಿದಂತೆ ಅನಿಸುತ್ತಿರಲಿಲ್ಲ, ಬರೀ ಬದಲಾದಂತೆ ಅನಿಸುತ್ತಿತ್ತು. ಆಗ ಟ್ರಾನ್ಸಿಷನ್ ಟೈಮ್‌ಲೈನ್ ಎಂಬುದನ್ನು ತೆರೆದು ನೋಡಿದೆ. ಹಳೆಯ ಭಾಗಕ್ಕೂ ಹೊಸ ಭಾಗಕ್ಕೂ ನಡುವೆ ಒಂದು ಸಣ್ಣ ಸೇತುವೆಯಂತೆ ತೆರೆದುಕೊಳ್ಳುವ, ತನ್ನದೇ ಉದ್ದವಿರುವ ಜಾಗ ಅದು. ನನ್ನ ಮಟ್ಟಿಗೆ ಈ ತಂತ್ರಾಂಶದ ಅತ್ಯುತ್ತಮ ಭಾಗ ಇದೇ. ಅಲ್ಲಿ ನಾನು ತಿಹಾಯಿ, ಅಂದರೆ ಮೂರು ಸಲ ಬಂದು ಸಮಕ್ಕೆ ಬೀಳುವ ಬಡಿತದ ವಾಕ್ಯ, ಇಟ್ಟೆ. ಸೇತುವೆಯ ಉದ್ದ ನಾಲ್ಕು ಮಾತ್ರೆ; ಮಾತ್ರೆಗೆ ನಾಲ್ಕರಂತೆ 16 ಸಣ್ಣ ಬಡಿತಗಳ ಜಾಗ, ಹೊಸ ಭಾಗದ ಸಮ 17ನೆಯದು. ಐದು ಬಡಿತ, ಒಂದು ಖಾಲಿ, ಮತ್ತೆ ಐದು, ಒಂದು ಖಾಲಿ, ಮತ್ತೆ ಐದು: ಕೂಡಿದರೆ ಸರಿಯಾಗಿ 17. ಮೂರನೆಯ ಐದರ ಕೊನೆಯ ಬಡಿತವನ್ನು ಸೇತುವೆಯಲ್ಲಿ ಇಡದೆ ಹೊಸ ಮಹಡಿಯ ಸಂಗೀತದ ಮೊದಲ ಬಡಿತವಾಗಿಯೇ ಬಿಟ್ಟೆ. ಹಲಗೆಯಲ್ಲಿ ಶುರುವಾಗುವ ತಿಹಾಯಿ ಜಗ್ಗಲಿಗೆಯ ಒಂದೇ ಏಟಿನಲ್ಲಿ ಬಂದು ಬೀಳುತ್ತದೆ, ಬಾಗಿಲ ಆಚೆಯ ಕೋಣೆ ಅದೇ ಏಟಿಗೆ ತೆರೆದಂತಾಗುತ್ತದೆ. ತಂಡದ ಹುಡುಗನೊಬ್ಬನಿಗೆ ತಾಳದ ಲೆಕ್ಕವೇನೂ ಗೊತ್ತಿಲ್ಲ. ಅದನ್ನು ಮೊದಲ ಬಾರಿ ಕೇಳಿದವನು ಬಾಗಿಲನ್ನು ಮತ್ತೆ ಮತ್ತೆ ದಾಟಿ ನೋಡಿದ. ಮಾಳಿಗೆಯ ಕೊನೆಯ ಕಾಳಗಕ್ಕೆ ಎಂಟು ಮಾತ್ರೆಗಳ ದೊಡ್ಡ ತಿಹಾಯಿ ಹಾಕಿದ್ದೇನೆ. ಅಲ್ಲಿ ಹನ್ನೊಂದು ಬಡಿತದ ವಾಕ್ಯ ಮೂರು ಸಲ ಬಂದು 33ನೆಯದು ಸಮಕ್ಕೆ ಬೀಳುತ್ತದೆ. ಹಿಂದೂಸ್ತಾನಿ ತಾಳದ ಅಭ್ಯಾಸವಿರುವ ನಮ್ಮ ಭಾಗದ ಹುಡುಗರು ಈ ಕ್ಷೇತ್ರಕ್ಕೆ ಬಂದರೆ ಅರ್ಧ ಪಾಠ ಆಗಲೇ ಆಗಿರುತ್ತದೆ ಎಂದು ನಾನು ಧೈರ್ಯವಾಗಿ ಹೇಳುತ್ತೇನೆ.

ನಾನು ಮಾಡಿದ ಒಂದು ತಪ್ಪನ್ನೂ ದಾಖಲಿಸುತ್ತೇನೆ, ಬೇರೆಯವರ ವಾರ ಉಳಿಯಲಿ ಎಂದು. ಶಾಂತ ಭಾಗದಿಂದ ಕಾಳಗದ ಭಾಗಕ್ಕೆ ದಾಟುವ ಅಂಕಿಯನ್ನು ಐವತ್ತು ಎಂದಿಟ್ಟಿದ್ದೆ, ಹಿಂದಕ್ಕೆ ಬರುವ ಅಂಕಿಯೂ ಐವತ್ತೇ. ಶತ್ರುವೊಬ್ಬ ಕಂಬದ ಆಚೆ ಈಚೆ ಓಡಾಡುತ್ತಿದ್ದರೆ ಅಪಾಯದ ಅಂಕಿ ನಲವತ್ತೆಂಟು, ಐವತ್ತೆರಡು, ನಲವತ್ತೊಂಬತ್ತು ಎಂದು ತೂಗಾಡುತ್ತದೆ. ಸಂಗೀತವೂ ಪ್ರತಿ ಎರಡು ಸೆಕೆಂಡಿಗೊಮ್ಮೆ ಮುಂದಕ್ಕೂ ಹಿಂದಕ್ಕೂ ಹಾರತೊಡಗಿತು. ಈಗ ಮೇಲೇರಲು ಅರವತ್ತು ಮುಟ್ಟಬೇಕು, ಕೆಳಗಿಳಿಯಲು ನಲವತ್ತಕ್ಕಿಂತ ಕಡಿಮೆಯಾಗಬೇಕು. ಟ್ರಾನ್ಸಿಷನ್ ರೀಜನ್‌ಗೆ ಅಂಕಿಯ ವ್ಯಾಪ್ತಿಯನ್ನು ಷರತ್ತಾಗಿ ಹಾಕಲು ಅವಕಾಶವಿರುವುದರಿಂದ ಇದಕ್ಕೆ ಕೋಡ್ ಮುಟ್ಟಬೇಕಾಗಲಿಲ್ಲ. ಜೊತೆಗೆ ಅಂಕಿ ಏರುವಾಗ ತಟ್ಟನೆ ಏರಲಿ, ಇಳಿಯುವಾಗ ಎಂಟು ಸೆಕೆಂಡು ಹಿಡಿಯಲಿ ಎಂದು ಪ್ರೋಗ್ರಾಮರ್‌ಗೆ ಹೇಳಿದೆ. ಭಯ ಬಂದಷ್ಟು ಬೇಗ ಹೋಗುವುದಿಲ್ಲ, ಸಂಗೀತವೂ ಹಾಗೆ ನಡೆದುಕೊಂಡರೆ ನಂಬಿಕೆ ಬರುತ್ತದೆ.

ಇದನ್ನೆಲ್ಲ ಸರಿಪಡಿಸಲು ನೆರವಾದದ್ದು ಲೈವ್ ಅಪ್‌ಡೇಟ್. ಫೋನಿನಲ್ಲಿ ಆಟ ನಡೆಯುತ್ತಿರುವಾಗಲೇ ಅದೇ ವೈಫೈ ಜಾಲದ ಮೂಲಕ ಲ್ಯಾಪ್‌ಟಾಪಿನ ಎಫ್‌ಮಾಡ್ ಅದಕ್ಕೆ ಜೋಡಿಸಿಕೊಳ್ಳುತ್ತದೆ. ಆಟಗಾರ ಆಡುತ್ತಿರುತ್ತಾನೆ, ಪಕ್ಕದಲ್ಲಿ ಕೂತ ನಾನು ಹಲಗೆಯ ಸದ್ದು ಇಳಿಸುತ್ತೇನೆ, ಅವನ ಕಿವಿಗೆ ಅದು ಕೂಡಲೇ ತಿಳಿಯುತ್ತದೆ. ಈ ಸೌಲಭ್ಯವಿಲ್ಲದಿದ್ದರೆ ಪ್ರತಿ ಸಣ್ಣ ಬದಲಾವಣೆಗೂ ಬ್ಯಾಂಕ್ ಎಂಬ ಸದ್ದುಗಳ ಕಡತ ಕಟ್ಟಿ, ಆಟ ಕಟ್ಟಿ, ಫೋನಿಗೆ ಹಾಕಿ ಮತ್ತೆ ಮೊದಲಿನಿಂದ ಆಡಬೇಕಿತ್ತು. ಫೋನಿನ ಸಣ್ಣ ಸ್ಪೀಕರಿನಲ್ಲಿ ಜಗ್ಗಲಿಗೆಯ ಮಂದ್ರ ನಾದ ಪೂರ್ತಿ ಮಾಯವಾಗುತ್ತದೆ ಎಂಬುದು ನನಗೆ ಗೊತ್ತಾದದ್ದೂ ಹಾಗೆ ಕೂತಾಗಲೇ. ಕೋಲು ತೊಗಲಿಗೆ ತಾಗುವ ಚಟ್ ಎಂಬ ಸದ್ದನ್ನು ಬೇರೆ ಮೈಕಿನಿಂದ ಹಿಡಿದದ್ದು ಇತ್ತು, ಅದನ್ನು ಮೇಲಕ್ಕೆ ತಂದೆ. ಗುಂಡಿನ ಸದ್ದು ಬಂದಾಗ ಹಲಗೆ ತುಸು ಹಿಂದೆ ಸರಿಯುವಂತೆ ಸೈಡ್‌ಚೈನ್ ಹಾಕಿದೆ. ಎರಡೂ ಕೆಲಸ ಒಂದೇ ಸಂಜೆ ಮುಗಿದವು.

ಕೊರತೆಗಳಿಗೆ ಬಂದರೆ, ಮೊದಲನೆಯದು ಲಯಕ್ಕೆ ಸಂಬಂಧಿಸಿದ್ದು. ಮುದ್ರಿತ ಸಂಗೀತದ ಶ್ರುತಿ ಕೆಡದಂತೆ ಅದರ ವೇಗವನ್ನು ಮಾತ್ರ ಹಿಗ್ಗಿಸಿ ಕುಗ್ಗಿಸುವ ಕೆಲಸ ಇದರ ಸ್ವಭಾವಕ್ಕೆ ಒಗ್ಗುವುದಿಲ್ಲ. ಪಿಚ್ ಏರಿಸಿದರೆ ವೇಗ ಏರುತ್ತದೆ, ಜೊತೆಗೆ ಶ್ರುತಿಯೂ ಏರುತ್ತದೆ. ವಿಲಂಬಿತದಿಂದ ದ್ರುತಕ್ಕೆ ಮೆಲ್ಲಗೆ ಏರುವ ಕಾಳಗ ಬೇಕೆಂದರೆ ಬೇರೆ ಬೇರೆ ಲಯದಲ್ಲಿ ಬೇರೆ ಬೇರೆಯಾಗಿ ಮುದ್ರಿಸಿ ತರಬೇಕು. ನಾನು ಲಯವನ್ನು 150ರಲ್ಲೇ ಕಟ್ಟಿಹಾಕಿ, ಬಡಿತವನ್ನು ದುಗುನ್, ಅಂದರೆ ಇಮ್ಮಡಿ, ಮಾಡಿ ವೇಗದ ಭ್ರಮೆ ತಂದೆ. ಅದು ಒಪ್ಪುವಂತಿದೆ, ಆದರೂ ನಿಜವಾಗಿ ಏರುವ ಲಯದ ಕಾವು ಅದಕ್ಕೆ ಇಲ್ಲ.

ಎರಡನೆಯದು ಕಡತಗಳ ಗಾತ್ರ. 48 ಕಿಲೋಹರ್ಟ್ಸ್, 16 ಬಿಟ್ ಸ್ಟೀರಿಯೊ ಧ್ವನಿ ಸಂಕುಚಿಸದಿದ್ದರೆ ನಿಮಿಷಕ್ಕೆ 11.5 ಎಂಬಿ ತಿನ್ನುತ್ತದೆ. 15 ಆವರ್ತನಗಳ, ಅಂದರೆ 96 ಸೆಕೆಂಡಿನ ಒಂದು ಭಾಗಕ್ಕೆ ಐದು ಪದರಗಳೆಂದರೆ ಸುಮಾರು 92 ಎಂಬಿ. ಮೂರು ಮಹಡಿಗೆ ಅದರ ಮೂರರಷ್ಟು. ಮೊಬೈಲಿಗೆ ಇದು ಸಾಧ್ಯವಿಲ್ಲದ ಮಾತು. ಬ್ಯಾಂಕ್ ಕಟ್ಟುವಾಗ ಕಿರು ಗಾತ್ರದ ಧ್ವನಿ ಮಾದರಿಯಾದ ವೋರ್ಬಿಸ್‌ಗೆ ಸಂಕುಚಿಸಿದರೆ ಗಾತ್ರ ಬಹಳಷ್ಟು ಇಳಿಯುತ್ತದೆ, ಆದರೆ ಬಿಚ್ಚಿ ನುಡಿಸುವ ಹೊರೆ ಫೋನಿನ ಪ್ರೊಸೆಸರ್ ಮೇಲೆ ಬೀಳುತ್ತದೆ. ಮಂದ್ರ ಗುಂಗನ್ನು ಮೊನೊ ಮಾಡಿದ್ದರಿಂದ ಮತ್ತಷ್ಟು ಉಳಿಯಿತು, ಕಿವಿಗೆ ವ್ಯತ್ಯಾಸವೇ ತಿಳಿಯಲಿಲ್ಲ. ತುಣುಕುಗಳನ್ನು ಒಳಗೆ ತರುವಾಗ ಎಂಪಿ3 ಬೇಡ, ವೇವ್ ಕಡತಗಳನ್ನೇ ಬಳಸಿರಿ. ಎಂಪಿ3ಯ ಆರಂಭದಲ್ಲಿ ಸೇರಿಕೊಳ್ಳುವ ಕಿರು ನಿಶ್ಶಬ್ದದಿಂದ ಸುತ್ತು ಕೂಡುವ ಜಾಗದಲ್ಲಿ ಎಡವಿದಂತಾಗುತ್ತದೆ. ಸುತ್ತಿನ ಕೊನೆಯ ಅನುರಣನ ಕತ್ತರಿಸಿಹೋಗದಂತೆ, ರೀಪರ್‌ನಲ್ಲಿ ಅದೇ ಭಾಗವನ್ನು ಎರಡು ಸಲ ಬೆನ್ನುಬೆನ್ನಿಗೆ ನುಡಿಸಿ ಎರಡನೆಯದನ್ನು ಮಾತ್ರ ಕತ್ತರಿಸಿಕೊಳ್ಳುವುದು ಒಳ್ಳೆಯದು, ಮೊದಲ ಸುತ್ತಿನ ಬಾಲ ಅದರ ತಲೆಯಲ್ಲಿ ಸೇರಿಕೊಂಡಿರುತ್ತದೆ.

ಮೂರನೆಯದು ಕಲಿಕೆ. ಕೈಪಿಡಿ ವಿವರವಾಗಿದೆ, ಆದರೆ ಇಂಗ್ಲಿಷ್‌ನಲ್ಲಿದೆ, ಮತ್ತು ಅದು ಓದುಗನಿಗೆ ಧ್ವನಿಮುದ್ರಣದ ಪರಿಭಾಷೆ ಗೊತ್ತಿದೆ ಎಂದುಕೊಂಡೇ ಮಾತನಾಡುತ್ತದೆ. ನಮ್ಮ ಕಡೆಯ ಒಳ್ಳೆಯ ವಾದಕರಲ್ಲಿ ಬಹಳ ಜನಕ್ಕೆ ಇದೊಂದೇ ಅಡ್ಡಿಯಾಗುತ್ತದೆ. ತಾಳದ ಕಡೆಯಿಂದ ಇದನ್ನು ಕನ್ನಡದಲ್ಲಿ ಕಲಿಸುವ ಪಾಠಗಳು ಬೇಕು. ನನ್ನ ಟಿಪ್ಪಣಿಗಳನ್ನು ಅದಕ್ಕಾಗಿ ಒಟ್ಟುಮಾಡುತ್ತಿದ್ದೇನೆ.

ಕೆನಡಾದ ಆಡಿಯೊಕೈನೆಟಿಕ್ ಕಂಪನಿಯ ವೈಸ್ ಎಂಬ ತಂತ್ರಾಂಶವೂ ಇದೇ ಕೆಲಸಕ್ಕಿದೆ. ದೊಡ್ಡ ತಂಡಗಳಿಗೆ, ಸಾವಿರಾರು ಸದ್ದುಗಳಿರುವ ಆಟಗಳಿಗೆ ಅದು ಹೆಚ್ಚು ಒಪ್ಪಬಹುದು. ಹಾಡು ಕಟ್ಟುವ ತಂತ್ರಾಂಶದಿಂದ ಬಂದವನ ಕಣ್ಣಿಗೆ ಎಫ್‌ಮಾಡ್‌ನ ಕಾಲರೇಖೆ ಪರಿಚಿತವಾಗಿ ಕಾಣುತ್ತದೆ, ನಾನು ಅದನ್ನು ಆರಿಸಿಕೊಂಡದ್ದಕ್ಕೆ ಅಷ್ಟೇ ಕಾರಣ.

ಬೆಲೆಯ ವಿಚಾರ. ಇಳಿಸಿಕೊಂಡು ಕಲಿಯಲು ಹಣ ಕೊಡಬೇಕಿಲ್ಲ. ಆಟವನ್ನು ಮಾರಾಟಕ್ಕೆ ತರುವಾಗ ಪರವಾನಗಿ ಬೇಕು. ಬಜೆಟ್ ಮತ್ತು ಆದಾಯ ಗೊತ್ತಾದ ಮಿತಿಯೊಳಗಿರುವ ಸಣ್ಣ ತಂಡಗಳಿಗೆ ಅದೂ ಉಚಿತ. ಮಿತಿಗಳು ಕಾಲಕಾಲಕ್ಕೆ ಬದಲಾಗುವುದರಿಂದ ಆಟ ಮುಗಿಯುವ ಹೊತ್ತಿಗಲ್ಲ, ಆರಂಭಿಸುವ ಮೊದಲೇ ಕಂಪನಿಯ ಪುಟದಲ್ಲಿ ಓದಿಕೊಳ್ಳಿರಿ. ಪರವಾನಗಿಯ ಷರತ್ತಿನಂತೆ ಎಫ್‌ಮಾಡ್‌ನ ಹೆಸರನ್ನೂ ಚಿಹ್ನೆಯನ್ನೂ ಆಟದಲ್ಲಿ ತೋರಿಸಬೇಕು. ನಮ್ಮ ಆಟದ ಕೊನೆಯ ಪರದೆಯಲ್ಲಿ ಅದಕ್ಕೆ ಜಾಗ ಬಿಟ್ಟಿದ್ದೇವೆ, ಅದರ ಮೇಲಿನ ಸಾಲಿನಲ್ಲಿ ಜಗ್ಗಲಿಗೆ ಬಡಿದ ಇಬ್ಬರ ಹೆಸರು ಮತ್ತು ಅವರ ಊರಿನ ಹೆಸರು ಬರುತ್ತದೆ.